ಲಿಫ್ಟ್ ಕೇಸಿನ ಮೊದಲ ಪುಟ

ತೀರ್ಪಿನ ಪುಸ್ತಕಗಳಲ್ಲಿ ಬರುವವರೆಲ್ಲ ಸತ್ತುಹೋದವರು ಎಂದು ನಮ್ಮ ಜೂನಿಯರ್ ವಕೀಲ ಬಹಳ ದಿನ ನಂಬಿದ್ದ. ಅದಕ್ಕೊಂದು ಕಾರಣವೂ ಇತ್ತು. ಪೆದ್ದತನಕ್ಕೆ ಕಾರಣಗಳ ಕೊರತೆ ಎಂದಾದರೂ ಬಿದ್ದಿದೆಯೇ? ಕೆಲಸಕ್ಕೆ ಸೇರಿದ ಹೊಸತರಲ್ಲಿ ಸೀನಿಯರ್ ಅವನ ಕೈಗೆ ಕೊಟ್ಟ ಮೊದಲ ತೀರ್ಪು ಪಿಂಚಣಿಗೆ ಸಂಬಂಧಿಸಿದ್ದು. ಅದರಲ್ಲಿ ಸಾಲು ಸಾಲಿಗೂ ‘ಮೃತ ನೌಕರ, ಮೃತ ನೌಕರ’ ಎಂದಿತ್ತು. ಎರಡನೆಯದು ಅನುಕಂಪದ ನೌಕರಿಯದು. ಅಲ್ಲೂ ಒಬ್ಬರು ಹೋಗಿದ್ದರು. ದಪ್ಪ ರಟ್ಟು, ಬೆನ್ನಿಗೆ ಹೊನ್ನಿನ ಬಣ್ಣದ ಅಕ್ಷರ, ಬಿಡಿಸಿದರೆ ಮೂಗಿಗೆ ಬಡಿಯುವ ಹಳೇ ಗೋಂದಿನ ವಾಸನೆ. ಬದುಕಿರುವವರನ್ನು ಇಂಥ ಪುಸ್ತಕದೊಳಗೆ ಯಾರು ಹಾಕುತ್ತಾರೆ ಎಂದು ಅವನು ತನ್ನಷ್ಟಕ್ಕೆ ತೀರ್ಮಾನಿಸಿಬಿಟ್ಟ. ಮುಂದೆ ಮೊದಲ ಬಾರಿಗೆ ತಾನೇ ವಾದದ ಟಿಪ್ಪಣಿ ಬರೆದಾಗ, ಹೋದವರ ಮರ್ಯಾದೆಗೆ ಕುಂದು ಬರಬಾರದೆಂದು, ‘ದಿವಂಗತ ಲಿಫ್ಟ್ ಆಪರೇಟರ್ ಅವರ ಪ್ರಕರಣದಲ್ಲಿ ಹೇಳಿರುವಂತೆ’ ಎಂದು ಶುರುಮಾಡಿದ.

ಟೈಪಿಸ್ಟ್ ಅಕ್ಕ ಅದನ್ನು ಹಾಗೇ ಟೈಪು ಮಾಡಿ ಸಹಿಗೆ ಇಟ್ಟರು. ಸೀನಿಯರ್ ಕನ್ನಡಕವನ್ನು ಹಣೆಗೇರಿಸಿ ಕೂಗಿದರು.

“ಲೋ, ಈ ಲಿಫ್ಟ್ ಆಪರೇಟರ್ ಯಾವಾಗ ತೀರಿಕೊಂಡ?”

“ಗೊತ್ತಿಲ್ಲ ಸರ್. ತೀರ್ಪಲ್ಲಿ ಬಂದಿದಾರಲ್ಲ...”

“ತೀರ್ಪಲ್ಲಿ ಬಂದ್ರೆ ಸಾಯ್ತಾರೇನೋ? ಹಾಗಿದ್ರೆ ನಮ್ಮ ಕಕ್ಷಿದಾರರಲ್ಲಿ ಒಬ್ಬ ಉಳೀತಿದ್ನಾ?”

ಟೈಪಿಸ್ಟ್ ಅಕ್ಕ ಸೆರಗು ಬಾಯಿಗೊತ್ತಿಕೊಂಡು ಹಿಂದಿನ ಕೋಣೆಗೆ ಓಡಿದರು. ಆಮೇಲೆ ಅವನು ಅರ್ಧ ದಿನ ರಜೆ ಕೇಳಿದರೂ ಸಾಕು, “ಯಾವ ದಿವಂಗತರನ್ನ ನೋಡೋಕಪ್ಪ?” ಎಂದು ಕಾಡಿಸುತ್ತಿದ್ದರು.

ಆ ಕಚೇರಿಯ ಒಲೆ ಉರಿಯುತ್ತಿದ್ದುದು ಇಂಥ ಹಳೇ ತೀರ್ಪುಗಳಿಂದಲೇ. ಕೆಲಸ ಕಳೆದುಕೊಂಡ ಸರ್ಕಾರಿ ನೌಕರರು ಮೊದಲು ಆಡಳಿತ ನ್ಯಾಯಮಂಡಳಿಗೆ ಹೋಗಬೇಕು. ಅಲ್ಲಿ ಸೋತರೆ ಮೇಲಿನ ನ್ಯಾಯಾಲಯ. ಹಾಗೆ ಸೋತು ಬಂದು, ಬಾಗಿಲಲ್ಲೇ ತಮ್ಮ ಕಥೆ ಶುರುಮಾಡುವವರನ್ನು ಸೀನಿಯರ್ ಕೈಯೆತ್ತಿ ನಿಲ್ಲಿಸುತ್ತಿದ್ದರು.

“ನೋಡಿ, ನೀವು ತಪ್ಪು ಮಾಡಿದ್ರೋ ಇಲ್ವೋ ಅಂತ ಮೇಲಿನ ಕೋರ್ಟು ಮತ್ತೆ ಅಳೆಯಲ್ಲ. ಮಂಡಳಿಯವರು ತೀರ್ಮಾನ ಮಾಡಿದ ರೀತಿ ಸರಿಯಿತ್ತಾ, ಹಿಂದೆ ಇಂಥದೇ ಕೇಸಲ್ಲಿ ಕೋರ್ಟು ಹೇಳಿದ್ದನ್ನ ಪಾಲಿಸಿದಾರಾ, ಅಷ್ಟೇ ನೋಡೋದು. ಅಡುಗೆ ರುಚಿ ನೋಡಲ್ಲ, ಪಾತ್ರೆ ತೊಳೆದಿತ್ತಾ ಅಂತ ನೋಡ್ತಾರೆ.”

ಹೀಗಾಗಿ ‘ಇಂಥದೇ ಕೇಸು’ ಹುಡುಕುವುದೇ ಜೂನಿಯರನ ದಿನಗೂಲಿ. ಹುಡುಕುವುದು ಎಂದರೂ ದೊಡ್ಡ ಮಾತಾಯಿತು. ಕಚೇರಿಯಲ್ಲಿ ಚಾಲ್ತಿಯಲ್ಲಿದ್ದ ತೀರ್ಪುಗಳು ಬೆರಳೆಣಿಕೆಯವು, ಎಲ್ಲಕ್ಕೂ ಅಡ್ಡಹೆಸರುಗಳಿದ್ದವು: ನರ್ಸ್ ಕೇಸು, ಎರಡು ಹೆಂಡತಿ ಕೇಸು, ಕಳೆದ ಫೈಲಿನ ಕೇಸು. ಒಂದೊಂದಕ್ಕೂ ಒಂದೊಂದು ಪ್ಯಾರಾ ನಂಬರು ಅಂಟಿಕೊಂಡಿತ್ತು. ಲಿಫ್ಟ್ ಕೇಸು ಎಂದರೆ ಹನ್ನೊಂದು. ‘ವಿಚಾರಣಾ ವರದಿಯ ಪ್ರತಿಯನ್ನು ನೌಕರನಿಗೆ ಕೊಟ್ಟು, ಅದಕ್ಕೆ ಅವನ ಉತ್ತರ ಪಡೆಯದೆ, ಶಿಕ್ಷೆ ವಿಧಿಸತಕ್ಕದ್ದಲ್ಲ.’ ಈ ಒಂದು ವಾಕ್ಯದಿಂದ ಎಷ್ಟು ಜನರ ಕೆಲಸ ಉಳಿದಿತ್ತೋ ಲೆಕ್ಕವಿಲ್ಲ. ಹನ್ನೊಂದನೇ ಪ್ಯಾರಾ ಇದ್ದ ಪುಟ ಬೆರಳು ತಾಗಿ ತಾಗಿ ಮಾಸಿ, ಮೂಲೆ ಮಡಚಿ, ಹರಿದು, ಟೇಪು ಹಚ್ಚಿಸಿಕೊಂಡಿತ್ತು. ಅದೇ ತೀರ್ಪಿನ ಮೊದಲ ಪುಟ ಮಾತ್ರ ಅಂಗಡಿಯಿಂದ ತಂದಷ್ಟೇ ಬೆಳ್ಳಗಿತ್ತು.

ಒಂದು ಸಂಜೆ ಅಗ್ನಿಶಾಮಕ ಠಾಣೆಯ ಟೆಲಿಫೋನ್ ಆಪರೇಟರ್ ಒಬ್ಬಾಕೆ ಬಂದರು. ಮೂವತ್ತು ದಾಟಿದ ವಯಸ್ಸು, ನೇರ ನೋಟ, ಮಾತು ಸ್ಪಷ್ಟ. ಫೋನಿನಲ್ಲಿ ಗಾಬರಿಬಿದ್ದವರನ್ನು ಸುಮ್ಮನಾಗಿಸಿ ವಿಳಾಸ ಕೇಳಿ ಕೇಳಿ ಪಳಗಿದ ದನಿ. ಅವರ ಹಿಂದೆಯೇ ಬಂದ ವಯಸ್ಸಾದವರೊಬ್ಬರು ಬಾಗಿಲ ಪಕ್ಕದ ಕುರ್ಚಿಯ ತುದಿಯಲ್ಲಿ, ಕುರ್ಚಿಗೆ ನೋವಾದೀತು ಎಂಬಂತೆ, ಕೂತರು.

ಆಕೆಯ ಮೇಲಿನ ಆರೋಪ ಇಷ್ಟು: ಹಾಸಿಗೆ ಗೋದಾಮೊಂದಕ್ಕೆ ಬೆಂಕಿ ಬಿದ್ದಾಗ ಠಾಣೆಗೆ ಬಂದ ಕರೆಯನ್ನು ಎತ್ತಲಿಲ್ಲ, ಸೀಟು ಬಿಟ್ಟು ಎಲ್ಲೋ ಹೋಗಿದ್ದರು. ಆಕೆ ಹೇಳುವುದು: ಸೀಟಿನಲ್ಲೇ ಇದ್ದೆ, ಗಂಟೆಯೇ ಹೊಡೆಯಲಿಲ್ಲ, ಲೈನು ಕೆಟ್ಟಿತ್ತು. ಇಲಾಖೆ ವಿಚಾರಣೆ ನಡೆಸಿತು, ವರದಿಯನ್ನು ಆಕೆಗೆ ತೋರಿಸದೆ ವಜಾ ಮಾಡಿತು. ಮಂಡಳಿ ‘ವರದಿ ಕೊಟ್ಟಿದ್ದರೂ ಫಲಿತಾಂಶ ಬೇರೆಯಾಗುತ್ತಿರಲಿಲ್ಲ’ ಎಂದು ಇಲಾಖೆಯ ಬೆನ್ನು ತಟ್ಟಿತು.

ಸೀನಿಯರ್ ಮೇಜು ಗುದ್ದಿದರು. “ಇದು ಲಿಫ್ಟ್ ಕೇಸು! ಅಚ್ಚು ಹಾಕಿದ ಹಾಗಿದೆ.”

“ಅದಕ್ಕೇ ಸರ್ ನಿಮ್ಮ ಹತ್ರ ಬಂದಿದ್ದು,” ಎಂದರು ಆಕೆ. “ಆ ಲಿಫ್ಟ್ ಕೇಸಿನವರು ನಮ್ಮಪ್ಪಾನೇ. ಅಗೋ, ಅಲ್ಲಿ ಕೂತಿದಾರೆ.”

ಜೂನಿಯರ್ ತನಗೇ ತಿಳಿಯದಂತೆ ಎದ್ದು ನಿಂತ. ಟೈಪಿಸ್ಟ್ ಅಕ್ಕ ಮೆಷಿನ್ನಿನ ಮೇಲೆ ಬಾಗಿ, “ನಿನ್ನ ದಿವಂಗತರು ಬಂದ್ರು, ಕಾಲಿಗೆ ಬೀಳು,” ಎಂದು ಪಿಸುಗುಟ್ಟಿದರು. ಸೀನಿಯರ್ ಮಾತ್ರ, ನಾಣ್ಯದ ಮೇಲಿನ ಮುಖವೇ ಎದ್ದು ಬಂದು ಎದುರು ಕೂತಂತೆ, ಬೆರಗಿನಿಂದ ನೋಡುತ್ತಿದ್ದರು. ಅವರು ಎದ್ದು ಹೋಗಿ ಕೈ ಕುಲುಕಿದರು. ಆ ಹಿರಿಯರು ಕೈ ಕೊಟ್ಟು, ಮುಖವನ್ನು ಗೋಡೆಯ ಕ್ಯಾಲೆಂಡರಿನ ಕಡೆ ತಿರುಗಿಸಿದರು.

ಮಗಳಿಗೆ ಹುರುಪು ಬಂತು. “ಅಪ್ಪನೂ ಮಾಡದ ತಪ್ಪಿಗೇ ಹೋದ್ರು ಸರ್. ಆಸ್ಪತ್ರೆ ಮೇಲ್ವಿಚಾರಕರಿಗೆ ತಮ್ಮ ಕಡೆಯವನೊಬ್ಬನನ್ನ ಸೇರಿಸಬೇಕಿತ್ತು. ಅಪ್ಪ ಸುಮ್ನಿರಲಿಲ್ಲ, ಮೇಲಿನ ಕೋರ್ಟಿನವರೆಗೂ ಹೋಗಿ ಗೆದ್ರು. ಗೆದ್ದ ಮೇಲೂ ಇಲಾಖೆಯವರು ಮೋಸ ಮಾಡಿ ಕೆಲಸ ಕೊಡಲಿಲ್ಲ, ಅದು ಬೇರೆ. ನನ್ನನ್ನೂ ಕರೆದು, ತಪ್ಪಾಯ್ತು ಅಂತ ಬರೆದುಕೊಡು, ಒಂದು ಮೆಟ್ಟಿಲು ಕೆಳಗಿನ ಹುದ್ದೆ ಕೊಡ್ತೀವಿ ಅಂದ್ರು. ಇಂಥವರ ಮಗಳಾಗಿ ಮಾಡದ ತಪ್ಪು ಬರೆದುಕೊಡ್ತೀನಾ? ಆಗಲ್ಲ ಅಂದೆ.”

“ಈಗ ಅದೆಲ್ಲ ಯಾಕಮ್ಮ,” ಎಂದರು ತಂದೆ, ಕ್ಯಾಲೆಂಡರಿಗೆ.

ಅಂದಿನಿಂದ ಕಚೇರಿಯಲ್ಲಿ ಅವರಿಗೆ ‘ಲಿಫ್ಟ್ ಯಜಮಾನರು’ ಎಂಬ ಹೆಸರಾಯಿತು.

ಅರ್ಜಿಗೆ ಬೇಕಾದ ಕಾಗದಪತ್ರಕ್ಕೆಂದು ಜೂನಿಯರ್ ಅವರನ್ನು ಹುಡುಕಿಕೊಂಡು ಹೋದ. ಬಸ್ ನಿಲ್ದಾಣದ ಎದುರಿನ ಮಳಿಗೆಯ ಮೆಟ್ಟಿಲ ಕೆಳಗೆ, ಬೀರುವಿನಷ್ಟು ಅಗಲದ ಜಾಗದಲ್ಲಿ, ಅವರದು ಬೀಗದ ಕೈ ಮಾಡುವ ಅಂಗಡಿ. ತಲೆಯ ಮೇಲೆ ಯಾರಾದರೂ ಹತ್ತಿ ಇಳಿದರೆ ಧೂಳು ಉದುರುತ್ತಿತ್ತು. ಹಲ್ಲು ಕೊರೆಯದ ಕೀಗಳು ಸಾಲಾಗಿ ತೂಗುತ್ತಿದ್ದವು. ಒಬ್ಬ ಗಿರಾಕಿ ಕೈಯಲ್ಲೊಂದು ಕೀ ಹಿಡಿದು ಜಗಳಕ್ಕೆ ನಿಂತಿದ್ದ.

“ಯಜಮಾನ್ರೇ, ನಿನ್ನೆ ಮಾಡಿಕೊಟ್ರಲ್ಲ, ಇದು ತಿರುಗ್ತಾನೇ ಇಲ್ಲ.”

“ಯಾವ ಬೀಗಕ್ಕೆ ಹಾಕಿದ್ರಿ?”

“ಮನೇದಕ್ಕೆ.”

“ನೀವು ಕೊಟ್ಟಿದ್ದು ಅಂಗಡಿ ಕೀ. ಅದು ಅಂಗಡಿಗೆ ಹೋದ್ರೆ ತಿರುಗುತ್ತೆ. ಮನೆಗೆ ಹೋದ್ರೆ ನಿಮ್ಮನೆಯವರು ತಿರುಗಿಬೀಳ್ತಾರೆ.”

ಗಿರಾಕಿ ಹಲ್ಲುಕಿರಿದು ಹೋದ. ಯಜಮಾನರು ಅರವನ್ನು ಒರೆಸಿಟ್ಟು ಜೂನಿಯರನಿಗೆ ಸ್ಟೂಲು ಎಳೆದುಕೊಟ್ಟರು. ಮಗಳಿಲ್ಲದ ಕಡೆ ಅವರ ಮಾತು ಸಲೀಸಾಗಿತ್ತು.

ಮದುವೆಯಾದ ವರ್ಷವೇ ಅವರಿಗೆ ಸರ್ಕಾರಿ ಆಸ್ಪತ್ರೆಯಲ್ಲಿ ಕೆಲಸ ಸಿಕ್ಕಿದ್ದು. ಮೊದಲು ಸ್ಟ್ರೆಚರ್ ತಳ್ಳುವ ಕೆಲಸ. ಲಿಫ್ಟು ಹೊಸದಾಗಿ ಬಂದಾಗ ಅದರೊಳಗೆ ಕಾಲಿಡಲು ಉಳಿದವರೆಲ್ಲ ಹಿಂಜರಿದರು. ಇವರು ಹೋಗಿ ನಿಂತರು, ಅಷ್ಟೇ ಅರ್ಹತೆ. ಖಾಕಿ ಅಂಗಿ, ಒಂದು ಸ್ಟೂಲು, ಹಿತ್ತಾಳೆಯ ಹಿಡಿ, ಎಳೆದರೆ ಗಲಗಲ ಎನ್ನುವ ಜಾಲರಿ ಬಾಗಿಲು. ಮೇಲೇರುವಾಗ ಹಿಡಿಯನ್ನು ಬೇಗ ಬಿಟ್ಟರೆ ಲಿಫ್ಟು ಒಂದು ಗೇಣು ಕೆಳಗೆ ನಿಲ್ಲುತ್ತಿತ್ತು, ತಡವಾಗಿ ಬಿಟ್ಟರೆ ಒಂದು ಗೇಣು ಮೇಲೆ. ನೆಲಕ್ಕೆ ಸಮನಾಗಿ ನಿಲ್ಲಿಸುವುದನ್ನು ಕಲಿಯಲು ತಿಂಗಳು ಹಿಡಿಯಿತಂತೆ. ಒಂದನೇ ಮಹಡಿ ಹೆರಿಗೆ, ಎರಡು ಮೂಳೆ, ಮೂರು ಶಸ್ತ್ರಚಿಕಿತ್ಸೆ. ಈಗಲೂ ಕುಂಟುತ್ತಾ ಬರುವ ಗಿರಾಕಿಯನ್ನು ಕಂಡರೆ ಅವರು ಮನಸ್ಸಿನಲ್ಲೇ ‘ಎರಡು’ ಎನ್ನುತ್ತಾರೆ.

“ಮೇಲೆ ಹೋಗೋರು ಮಾತಾಡಲ್ಲ ಸ್ವಾಮಿ. ಇಳಿಯೋರು ಮಾತಾಡ್ತಾರೆ. ಇಲ್ಲಾ ಅಳ್ತಾರೆ. ದಿನಾ ನೋಡಿ ನೋಡಿ...” ಮೇಲೆ ಯಾರೋ ಮೆಟ್ಟಿಲಿಳಿದರು, ಧೂಳುದುರಿತು. ಅದನ್ನು ಕೊಡವಿಕೊಳ್ಳುತ್ತಾ ಕೇಳಿದರು. “ಆ ನನ್ನ ತೀರ್ಪು, ಅದನ್ನ ಕೋರ್ಟಲ್ಲಿ ಪೂರ್ತಿ ಓದ್ತೀರಾ?”

“ಎಲ್ಲಿಯ ಪೂರ್ತಿ! ಹನ್ನೊಂದನೇ ಪ್ಯಾರಾ ಮಾತ್ರ.”

“ಮೊದಲನೇ ಪುಟ?”

“ಅದನ್ನ ಯಾರೂ ಓದಲ್ಲ ಯಜಮಾನ್ರೇ.”

ಇದು ಸತ್ಯವೇ ಆಗಿತ್ತು, ಏಕೆಂದರೆ ಹೇಳಿದವನೂ ಓದಿರಲಿಲ್ಲ. ಯಜಮಾನರು ಅವನ ಮುಖವನ್ನೇ ನೋಡುತ್ತಿದ್ದರು. ಅವನಿಗೆ ಗೊತ್ತಿದೆಯೋ ಇಲ್ಲವೋ ಎಂದು ಅಳೆಯುತ್ತಿದ್ದರೆಂದು ಆಮೇಲೆ ಹೊಳೆಯಿತು. ಆಗ ಅವನು ಬಲ್ಲವನಂತೆ ತಲೆಯಾಡಿಸಿದ.

“ಓದಬೇಡಿ,” ಎಂದರು. “ಮಗಳು ಅಲ್ಲೇ ಕೂತಿರ್ತಾಳೆ. ಅವಳಿಗೆ ನಾನು ಅಂದ್ರೆ...” ತೂಗುತ್ತಿದ್ದ ಕೀಗಳಲ್ಲೊಂದನ್ನು ಬಿಚ್ಚಿ ಮತ್ತೆ ಅದೇ ಮೊಳೆಗೆ ಸಿಕ್ಕಿಸಿದರು.

“ಮಾತು ಕೊಟ್ಟೆ, ಬಿಡಿ,” ಎಂದ ಜೂನಿಯರ್. ತನ್ನ ಕೈಲಿಲ್ಲದ್ದನ್ನು ಕೊಡುವಾಗ ಅವನಷ್ಟು ಧಾರಾಳಿ ಯಾರೂ ಇರಲಿಲ್ಲ.

ಮೊದಲ ಪುಟದಲ್ಲಿ ಏನಿದ್ದೀತು ಎಂಬ ಕುತೂಹಲ ಅವನಿಗೆ ಬರಲಿಲ್ಲವೇ? ಬಂತು. ಬಸ್ಸಿನಲ್ಲಿ ನಿಂತಿರುವಷ್ಟು ಹೊತ್ತೂ ಇತ್ತು. ಆಮೇಲೆ ಸೀಟು ಸಿಕ್ಕಿತು, ನಿದ್ದೆ ಬಂತು.

ವಾದದ ದಿನ ತಂದೆ, ಮಗಳು, ಜೂನಿಯರ್ ಮೂವರೂ ನ್ಯಾಯಾಲಯದ ಲಿಫ್ಟಿನಲ್ಲಿ ಮೇಲೆ ಹೋದರು. ಗುಂಡಿ ಒತ್ತಿದರೆ ತಾನೇ ಹೋಗುವ ಲಿಫ್ಟು. ಯಜಮಾನರ ಕಾಲು ಅಭ್ಯಾಸಬಲದಿಂದ ಗುಂಡಿಗಳ ಪಕ್ಕಕ್ಕೇ ಹೋಗಿ ನಿಂತಿತು, ಹತ್ತಿದವರನ್ನೆಲ್ಲ ಅವರು ತಗ್ಗಿದ ದನಿಯಲ್ಲಿ “ಎಷ್ಟನೇದು?” ಎಂದು ಕೇಳಿ ಗುಂಡಿ ಒತ್ತಿಕೊಟ್ಟರು. ಮಗಳು ಜೂನಿಯರನ ಕಡೆ ತಿರುಗಿ ನಕ್ಕರು. “ಎಲ್ಲೇ ಹೋದ್ರೂ ಹೀಗೇ ನಮ್ಮಪ್ಪ. ಇಂಥವರನ್ನ ಕೆಲಸದಿಂದ ತೆಗೆದ್ರು ನೋಡಿ.” ಆ ಮಾತಿನಲ್ಲಿದ್ದ ಹೆಮ್ಮೆಗೆ ಲಿಫ್ಟಿನಲ್ಲಿದ್ದವರೂ ಒಮ್ಮೆ ಯಜಮಾನರನ್ನು ನೋಡಿದರು. ಅವರು ಗುಂಡಿಗಳನ್ನು ನೋಡುತ್ತಿದ್ದರು.

ಕೇಸು ಕೂಗುವ ಹೊತ್ತಿಗೆ ಸೀನಿಯರ್ ಪಕ್ಕದ ಕೋರ್ಟ್ ಹಾಲಿನಲ್ಲಿ ಇನ್ನೊಂದು ವಾದದ ಮಧ್ಯೆ ಸಿಕ್ಕಿಬಿದ್ದಿದ್ದರು. ಜೂನಿಯರ್ ಎದ್ದು, ಸ್ವಲ್ಪ ಹೊತ್ತು ಮುಂದಕ್ಕೆ ಹಾಕಬೇಕೆಂದು ಬೇಡಿಕೊಂಡ.

“ಫೈಲು ನಿಮ್ಮ ಕೈಲಿದೆ, ಪುಸ್ತಕ ನಿಮ್ಮ ಕೈಲಿದೆ. ನೀವೇ ಹೇಳಿ,” ಎಂದರು ಪೀಠದ ಹಿರಿಯ ನ್ಯಾಯಾಧೀಶರು. ಪಕ್ಕದಲ್ಲಿದ್ದ ಕಿರಿಯ ನ್ಯಾಯಾಧೀಶರು ಪ್ರೋತ್ಸಾಹಕ್ಕೋ ಕನಿಕರಕ್ಕೋ ತಲೆಯಾಡಿಸಿದರು.

ಅವನು ಹೇಳಿದ. ಹನ್ನೊಂದನೇ ಪ್ಯಾರಾ ಬಾಯಿಪಾಠವಾಗಿದ್ದರಿಂದ ದನಿ ನಡುಗಲಿಲ್ಲ. ಮಂಡಳಿಯು ಈ ತೀರ್ಪನ್ನು ಪಕ್ಕಕ್ಕೆ ತಳ್ಳುವಂತಿರಲಿಲ್ಲ, ಮೇಲಿನ ನ್ಯಾಯಾಲಯ ಒಮ್ಮೆ ಹೇಳಿದ್ದನ್ನು ಮಂಡಳಿ ಪಾಲಿಸಲೇಬೇಕು, ಎಂದು ಸೀನಿಯರ್ ಕಲಿಸಿದ್ದನ್ನು ಒಪ್ಪಿಸಿ ಕೂತ. ಹಿಂದೆ ತಿರುಗಿ ನೋಡಿದ. ಕೊನೆಯ ಬೆಂಚಿನಲ್ಲಿ ಮಗಳ ಮುಖ ಅರಳಿತ್ತು.

ಸರ್ಕಾರಿ ವಕೀಲರು ನಿಧಾನವಾಗಿ ಎದ್ದರು.

“ಸ್ವಾಮಿ, ಲಿಫ್ಟ್ ಪ್ರಕರಣ ಇಲ್ಲಿಗೆ ಹೊಂದಲ್ಲ. ಹಿಂದಿನ ತೀರ್ಪು ಅನ್ವಯ ಆಗಬೇಕಾದ್ರೆ ಸಂಗತಿಗಳು ಹೋಲಬೇಕು. ಅಲ್ಲಿ ಆ ನೌಕರನ ಮೇಲೆ ಹುರುಳಿಲ್ಲದ ಆರೋಪ ಇದ್ದಿರಬೇಕು, ಅದಕ್ಕೇ ಆ ಪೀಠ ಮರುಗಿದೆ. ಇಲ್ಲಿ ಗೋದಾಮೇ ಸುಟ್ಟಿದೆ. ಈಕೆ ಕೈಗೆ ವರದಿ ಕೊಟ್ಟಿದ್ರೂ ಹೇಳೋಕೆ ಏನಿತ್ತು?”

ಆ ‘ಇದ್ದಿರಬೇಕು’ ಎಂಬಲ್ಲೇ ಜೂನಿಯರನಿಗೆ ತಿಳಿಯಿತು, ಆ ಪುಣ್ಯಾತ್ಮರೂ ಮೊದಲ ಪುಟ ಓದಿಲ್ಲ.

ಹಿರಿಯ ನ್ಯಾಯಾಧೀಶರು ಅವನ ಕಡೆ ತಿರುಗಿದರು. “ಅಲ್ಲಿ ಆರೋಪ ಏನಿತ್ತು?”

“ಸ್ವಾಮಿ, ಹನ್ನೊಂದನೇ ಪ್ಯಾರಾದಲ್ಲಿ...”

“ಹನ್ನೊಂದು ನಮಗೂ ಬಾಯಿಗೆ ಬರುತ್ತೆ. ಒಂದು ಓದಿ.”

“ಸೀನಿಯರ್ ಬಂದುಬಿಡ್ತಾರೆ ಸ್ವಾಮಿ, ಅವರೇ...”

“ನಿಮಗೆ ಓದೋಕೆ ಬರುತ್ತಲ್ಲ?”

ಹಾಲಿನಲ್ಲಿ ಸಣ್ಣ ನಗು ಎದ್ದಿತು. ಅವನು ಪುಸ್ತಕ ತಿರುವಿದ. ಬೆಳ್ಳನೆಯ ಪುಟ ಅಂಟಿಕೊಂಡಿತ್ತು, ಬಿಡಿಸಬೇಕಾಯಿತು. ಕೊಟ್ಟ ಮಾತು ನೆನಪಾಯಿತು. ಆದರೆ ಅದೇನು ಅಂಥ ಘೋರ ಇದ್ದೀತು ಎಂದು ತನ್ನನ್ನು ತಾನೇ ನಂಬಿಸಿಕೊಂಡು, ದನಿಯೆತ್ತಿ ಓದತೊಡಗಿದ.

‘ಅರ್ಜಿದಾರನು ಸರ್ಕಾರಿ ಆಸ್ಪತ್ರೆಯಲ್ಲಿ ಲಿಫ್ಟ್ ಚಾಲಕನು. ಅವನ ಮೇಲಿನ ಆರೋಪವೇನೆಂದರೆ, ಕರ್ತವ್ಯದ ವೇಳೆಯಲ್ಲಿ ಮದ್ಯಪಾನ ಮಾಡಿ, ಲಿಫ್ಟನ್ನು ಎರಡನೆಯ ಮತ್ತು ಮೂರನೆಯ ಮಹಡಿಗಳ ನಡುವೆ ನಿಲ್ಲಿಸಿಕೊಂಡು, ಅದರೊಳಗೆ ಮಲಗಿದ್ದನು. ತುರ್ತು ಶಸ್ತ್ರಚಿಕಿತ್ಸೆಗಾಗಿ ಒಯ್ಯಬೇಕಿದ್ದ ಒಬ್ಬ ವೃದ್ಧೆ ನೆಲಮಹಡಿಯಲ್ಲಿ ಸ್ಟ್ರೆಚರಿನ ಮೇಲೆ ಕಾದಿದ್ದಳು. ಕರೆಗಂಟೆಯನ್ನು ಎಷ್ಟು ಒತ್ತಿದರೂ ಲಿಫ್ಟು ಬರಲಿಲ್ಲ. ಕಡೆಗೆ ಅವಳ ಮಗನು ಅವಳನ್ನು ಬೆನ್ನ ಮೇಲೆ ಹೊತ್ತು ಮೆಟ್ಟಿಲು ಹತ್ತಿದನು. ಬಳಿಕ ಮೆಕ್ಯಾನಿಕ್ ಬಂದು ಲಿಫ್ಟಿನ ಜಾಲರಿಯನ್ನು ತೆರೆದಾಗ, ಅರ್ಜಿದಾರನು ಮಲಗಿದಲ್ಲಿಂದಲೇ, “ಜಾಗ ಇಲ್ಲ, ಮುಂದಿನ ಸಲ ಬನ್ನಿ,” ಎಂದನು.’

ಕೋರ್ಟ್ ಹಾಲ್ ಇಡೀ ಘೊಳ್ಳೆಂದು ನಕ್ಕಿತು. ವಕೀಲರು ನಕ್ಕರು, ಗುಮಾಸ್ತರು ನಕ್ಕರು, ಬಾಗಿಲ ಬಳಿಯ ಜವಾನ ಮುಖ ತಿರುಗಿಸಿ ನಕ್ಕ, ಕಿರಿಯ ನ್ಯಾಯಾಧೀಶರು ಲೇಖನಿಯಿಂದ ತುಟಿ ಮುಚ್ಚಿಕೊಂಡರು. ನಮ್ಮ ಜೂನಿಯರನೂ ನಕ್ಕ. ಇದನ್ನು ಇಲ್ಲಿ ಬಿಟ್ಟುಬಿಡಬಹುದಿತ್ತು, ಆದರೆ ಅವನು ನಕ್ಕದ್ದು ನಿಜ. ಓದುವ ಭರದಲ್ಲಿ ಆ ಮಾತು ಅವನಿಗೂ ಕಚಗುಳಿಯಿಟ್ಟಿತು, ನಗು ಬಾಯಿಂದ ಜಾರಿತು. ಅದು ಪೂರ್ತಿ ಹೊರಬೀಳುವ ಮೊದಲೇ, ಕೊನೆಯ ಬೆಂಚಿನಲ್ಲಿ ಇಬ್ಬರು ನಗುತ್ತಿಲ್ಲ ಎಂಬುದು ನೆನಪಾಗಿ, ಅರ್ಧ ನಗು ಹಾಗೇ ಮುಖಕ್ಕೆ ಅಂಟಿಕೊಂಡಿತು. ತಿರುಗಿ ನೋಡುವ ಧೈರ್ಯವಾಗಲಿಲ್ಲ. ಬೆನ್ನು ಮಾತ್ರ ಬಿಸಿಯಾಯಿತು, ಅಲ್ಲಿಗೇ ಯಾರೋ ದೀಪ ಹಿಡಿದಂತೆ.

“ಸರಿ,” ಎಂದರು ಹಿರಿಯ ನ್ಯಾಯಾಧೀಶರು, ಸದ್ದಡಗಿದ ಮೇಲೆ. “ಅಂದ್ರೆ ಹುರುಳಿಲ್ಲದ ಆರೋಪ ಅಲ್ಲ. ಮೆಕ್ಯಾನಿಕ್ ಕಣ್ಣಾರೆ ನೋಡಿದಾನೆ.” ಸರ್ಕಾರಿ ವಕೀಲರ ಕಡೆ ತಿರುಗಿದರು. “ಇಂಥವನಿಗೂ ವರದಿ ಕೊಟ್ಟು ಉತ್ತರ ಕೇಳಬೇಕು ಅಂತ ಆ ಪೀಠ ಹೇಳಿದೆ. ಅವನು ತಪ್ಪು ಮಾಡಿದನೋ ಇಲ್ವೋ ಅಂತ ಅವರು ನೋಡಲೇ ಇಲ್ಲ. ಸಿಕ್ಕಿಬಿದ್ದವನಿಗೇ ಆ ಹಕ್ಕಿದೆ ಅಂದ ಮೇಲೆ, ಗಂಟೆಯೇ ಹೊಡೀಲಿಲ್ಲ ಅಂತಿರೋ ಈಕೆಗೆ ಇಲ್ವಾ?”

ಸರ್ಕಾರಿ ವಕೀಲರು ಏನೋ ಹೇಳಿದರು, ಆದರೆ ಅವರಿಗೇ ಅದರಲ್ಲಿ ಮನಸ್ಸಿರಲಿಲ್ಲ. ಅಲ್ಲೇ ಆದೇಶವಾಯಿತು: ಹಿಂದಿನ ತೀರ್ಪನ್ನು ಕಡೆಗಣಿಸಿದ ಮಂಡಳಿಯ ತೀರ್ಮಾನ ರದ್ದು, ವಜಾ ರದ್ದು, ವರದಿ ಕೊಟ್ಟು ಉತ್ತರ ಪಡೆದು ಹೊಸದಾಗಿ ತೀರ್ಮಾನಿಸಬೇಕು, ಅಲ್ಲಿಯವರೆಗೆ ಆಕೆ ಕೆಲಸಕ್ಕೆ ಮರಳಬೇಕು.

ಗೆದ್ದಿದ್ದರು. ಹೊರಗೆ ಬರುವಾಗ ಸರ್ಕಾರಿ ವಕೀಲರು ಜೂನಿಯರನ ಭುಜ ತಟ್ಟಿದರು. “ಮೊದಲನೇ ಪ್ಯಾರಾ ಬಚ್ಚಿಟ್ಟುಕೊಂಡು ಕೂತಿದ್ದೆ ಅಲ್ವೇನಯ್ಯ? ಪಾಕಡಾ! ಅಬ್ಬಾ, ಜಾಗ ಇಲ್ಲ ಮುಂದಿನ ಸಲ ಬನ್ನಿ! ಆ ಆಸಾಮಿ ಈಗ ಎಲ್ಲಿದಾನೋ!”

ಆ ಆಸಾಮಿ ಮಾತು ಕೇಳಿಸುವಷ್ಟು ಹತ್ತಿರದಲ್ಲೇ, ಗೋಡೆಗೆ ಒತ್ತಿ ನಿಂತು, ಬರುವವರಿಗೆ ದಾರಿ ಬಿಡುತ್ತಿದ್ದರು.

ಸೀನಿಯರ್ ಆ ಹೊತ್ತಿಗೆ ಓಡಿಬಂದರು, ಫಲಿತಾಂಶ ಕೇಳಿ ಕುಣಿದಾಡಿದರು, ಇನ್ನೊಂದು ಹಾಲಿಗೆ ಓಡಿದರು. ಉಳಿದವರು ಮೂವರು. ಮಗಳು ಲಿಫ್ಟಿನ ಕಡೆ ಹೋಗದೆ ಮೆಟ್ಟಿಲ ಬಳಿಯ ಕಲ್ಲುಬೆಂಚಿನ ಮೇಲೆ ಕೂತರು. ಯಜಮಾನರು ಕೂರಲಿಲ್ಲ. ಜೂನಿಯರ್ ಅಲ್ಲಿರಬೇಕೋ ಹೋಗಬೇಕೋ ತಿಳಿಯದೆ, ಪುಸ್ತಕವನ್ನು ಎದೆಗವಚಿಕೊಂಡು ನಿಂತ.

“ಯಜಮಾನ್ರೇ, ತಪ್ಪಾಯ್ತು. ಮಾತು ಕೊಟ್ಟು... ನಿಜ ಹೇಳಬೇಕು ಅಂದ್ರೆ ನಾನು ಅದನ್ನ ಮೊದಲು ಓದೇ ಇರಲಿಲ್ಲ.”

“ಚೆನ್ನಾಗಿ ಓದಿದ್ರಿ ಸ್ವಾಮಿ,” ಎಂದರು ಅವರು. “ಹಿಂದಿನ ಬೆಂಚಿನವರೆಗೂ ಕೇಳಿಸ್ತು.”

ಅದರಲ್ಲಿ ಚುಚ್ಚು ಇರಲಿಲ್ಲ. ಇದ್ದಿದ್ದರೆ ಅವನಿಗೆ ಎಷ್ಟೋ ಹಗುರಾಗುತ್ತಿತ್ತು.

ಮಗಳು ನೆಲ ನೋಡುತ್ತಾ ಕೇಳಿದರು. “ಅಮ್ಮನಿಗೆ ಗೊತ್ತಿತ್ತಾ?”

“ಗೊತ್ತಿತ್ತು.”

“ಆ ಮೇಲ್ವಿಚಾರಕರ ಕಡೆಯವನ ಕಥೆ?”

“ನಿಮ್ಮಮ್ಮ ಕಟ್ಟಿದ್ದು. ಶಾಲೇಲಿ ಯಾರಾದ್ರೂ ಕೇಳಿದ್ರೆ ನೀನು ಏನು ಹೇಳ್ತೀಯ ಅಂತ. ಆಮೇಲೆ ನೀನು ಅದನ್ನ ಎಲ್ಲರ ಹತ್ರ ಹೇಳ್ಕೊಂಡು ಬಂದೆ. ನಂಗೂ ಕೇಳಿ ಕೇಳಿ ಅಭ್ಯಾಸ ಆಯ್ತು.”

“ತಪ್ಪಾಯ್ತು ಅಂತ ಬರೆದುಕೊಡು ಅಂದಾಗ ನಾನು ಅವರ ಮುಖಕ್ಕೆ ಹೊಡೆದ ಹಾಗೆ ಹೇಳಿದೆನಪ್ಪ. ಯಾರ ಮಗಳು ಗೊತ್ತಾ ಅಂದೆ.” ಆಕೆಯ ದನಿ ಮೊದಲ ಬಾರಿಗೆ ಒಡೆಯಿತು. “ಅವರು ಆ ಪುಸ್ತಕ ಓದಿದ್ರೆ ಎಷ್ಟು ನಕ್ಕಿರ್ತಾರೆ.”

ಯಜಮಾನರು ತಲೆ ತಗ್ಗಿಸಿದರು. ಓದುವ ಜನ ಯಾರೂ ಇಲ್ಲಮ್ಮ ಎಂದು ಜೂನಿಯರನಿಗೆ ಹೇಳಬೇಕೆನಿಸಿತು.

“ಗೆದ್ದ ಮೇಲೆ ನಿಮಗೂ ವರದಿ ಕೊಟ್ಟಿರಬೇಕಲ್ಲ?” ಎಂದು ಮಗಳೇ ಮತ್ತೆ ಕೇಳಿದರು.

“ಕೊಟ್ರು. ಉತ್ತರ ಬರೀರಿ ಅಂದ್ರು.”

“ಬರೆದ್ರಾ?”

“ಕೂತೆ. ಬರೆಯೋಕೆ ಏನೂ ಇರಲಿಲ್ಲ. ಅವರು ಬರೆದಿದ್ದೆಲ್ಲ ಸರಿಯಾಗೇ ಇತ್ತು. ಮತ್ತೆ ತೆಗೆದ್ರು, ಈ ಸಲ ಕ್ರಮ ಪ್ರಕಾರ ತೆಗೆದ್ರು. ಮೋಸ ಯಾರೂ ಮಾಡಲಿಲ್ಲ. ಆಮೇಲೆ ಕುಡಿಯೋದು ಬಿಟ್ಟೆ. ಬಿಟ್ಟಿದ್ದು ಕೂಡ ಯಾರಿಗೂ ಹೇಳಲಿಲ್ಲ, ಹೇಳಿದ್ರೆ ಕುಡೀತಿದ್ದೆ ಅಂತ ಗೊತ್ತಾಗ್ತಿತ್ತಲ್ಲ.”

ಕರಿಕೋಟಿನವರ ಗುಂಪೊಂದು ಮಾತಾಡುತ್ತಾ ಮೆಟ್ಟಿಲಿಳಿದು ಹೋಯಿತು. ಅದರಲ್ಲೊಬ್ಬ ಇನ್ನೂ ಆ ಲಿಫ್ಟಿನ ಮಾತನ್ನೇ ಹೇಳಿ ನಗಿಸುತ್ತಿದ್ದ. ಅವರ ಸದ್ದು ಕೆಳಗೆ ಹೋಗಿ ಅಡಗಿತು. ಮಗಳು ಸೆರಗಿನಿಂದ ಮುಖ ಒರೆಸಿಕೊಂಡು, ತಲೆಯೆತ್ತಿ, ಕರೆ ಮಾಡಿದವರನ್ನು ವಿಳಾಸ ಕೇಳುವ ಅದೇ ಸ್ಪಷ್ಟ ದನಿಯಲ್ಲಿ ಕೇಳಿದರು.

“ಕೆಳಗೆ ಕಾಯ್ತಿದ್ರಲ್ಲ, ಆ ಅಜ್ಜಿ. ಅವರಿಗೆ ಏನಾಯ್ತಪ್ಪ? ಬದುಕಿದ್ರಾ?”

ಜೂನಿಯರ್ ಪುಸ್ತಕ ತೆರೆಯಲು ಹೋದ. ಅದರಲ್ಲಿ ಅದಿಲ್ಲ ಎಂದು ಗೊತ್ತಿದ್ದೂ ಹೋದ. ನ್ಯಾಯಾಲಯಕ್ಕೆ ಅದು ಬೇಕಿರಲಿಲ್ಲ.

ಯಜಮಾನರು ಮಗಳನ್ನು ನೇರವಾಗಿ ನೋಡಿದರು.

“ಗೊತ್ತಿಲ್ಲ. ನಾನು ಒಂದು ದಿನವೂ ಕೇಳಲಿಲ್ಲ.”